ಹೊಸದಾಗಿ ಬಂದ ರೂಮ್‌ಮೇಟ್ ರಾತ್ರಿ ನಮ್ಮ ರೂಮಿನ ಬಾಗಿಲಲ್ಲಿ ನಿಂತಿರುತ್ತಾಳೆ, ಏನು ಮಾಡಲಿ?

ನೀವು ಬರೆದಿರುವುದು ಇಷ್ಟು. ಬೆಂಗಳೂರಿನಲ್ಲಿ ಎರಡು ಬೆಡ್‌ರೂಮಿನ ಬಾಡಿಗೆ ಮನೆ, ನಾಲ್ಕು ಹುಡುಗಿಯರು. ಒಬ್ಬಳು ಮದುವೆಯಾಗಿ ಹೋದಳು. ಬಾಡಿಗೆ ಹೊರೆಯಾಗಬಾರದು ಅಂತ ಆನ್‌ಲೈನ್‌ನಲ್ಲಿ ಹಾಕಿದಿರಿ, ಹೊಸಬಳೊಬ್ಬಳು ಬಂದಳು. ಯಾರ ಜೊತೆಗೂ ಮಾತಿಲ್ಲ, ಜೊತೆಗೆ ಕೂತು ಊಟ ಮಾಡಲ್ಲ, ರಾತ್ರಿ ಲೈಟ್ ಹಾಕದೆ ಓಡಾಡುತ್ತಾಳೆ. ಎಚ್ಚರವಾದಾಗ ನಿಮ್ಮ ರೂಮಿನ ಬಾಗಿಲಲ್ಲಿ ನಿಂತಿರುವುದನ್ನು ನೋಡಿದ್ದೀರಿ. ಒಬ್ಬರು ಪೊಲೀಸರಿಗೆ ಹೇಳೋಣ ಅಂತಾರೆ, ಇನ್ನೊಬ್ಬರು ಲಗೇಜ್ ಹೊರಗಿಡೋಣ ಅಂತಾರೆ. ನೀವು ಕೇಳಿದ್ದು, "ಇದು ಭಯ ಪಡೋ ವಿಷಯಾನಾ, ಇಲ್ಲ ನಂದೇ ಅತಿಯಾಯ್ತಾ?"

ನಿಮ್ಮದು ಅತಿಯಾಗಿಲ್ಲ. ಮಲಗಿರುವಾಗ ಒಬ್ಬರು ಬಂದು ನಿಂತು ನೋಡುತ್ತಿದ್ದರೆ ಯಾರಿಗಾದರೂ ಎದೆ ಝಲ್ ಅನ್ನುತ್ತದೆ. ಆದರೆ ನಿಮ್ಮ ಪಟ್ಟಿಯಲ್ಲಿ ಎರಡು ಥರದ ವಿಷಯ ಸೇರಿಕೊಂಡಿದೆ, ಅದನ್ನು ಮೊದಲು ಬಿಡಿಸಿಕೊಳ್ಳಿ. ಮಾತಾಡದಿರುವುದು, ಒಬ್ಬಳೇ ಉಣ್ಣುವುದು, ನಿದ್ದೆ ಬಾರದೆ ಹಾಲ್‌ನಲ್ಲಿ ಓಡಾಡುವುದು ಅವಳ ಪಾಡು. ಬಾಡಿಗೆ ಕೊಟ್ಟಿದ್ದಾಳೆ, ಅವಳಿಗೆ ಹೇಗೆ ಬೇಕೋ ಹಾಗೆ ಇರುತ್ತಾಳೆ. ನಿಮ್ಮ ರೂಮಿನ ಹೊಸ್ತಿಲು ಮಾತ್ರ ನಿಮ್ಮದು. ಅಲ್ಲಿ ಏನು ನಡೆಯುತ್ತಿದೆ ಅಂತ ಕೇಳುವ ಹಕ್ಕು ನಿಮಗೆ ಪೂರ್ತಿ ಇದೆ. "ಅವಳು ಎಂಥವಳು" ಅಂತ ಯೋಚಿಸುತ್ತಾ ಕೂತರೆ ಮುಗಿಯುವುದಿಲ್ಲ. "ಇಲ್ಲಿ ಬರಬೇಡ ಅಂತ ಹೇಳಿದ ಮೇಲೂ ಬರುತ್ತಾಳಾ" ಅನ್ನುವುದಕ್ಕೆ ಒಂದು ವಾರದಲ್ಲಿ ಉತ್ತರ ಸಿಗುತ್ತದೆ.

ಇಷ್ಟು ಗಟ್ಟಿಯಾಗಿ ಹೇಳುವುದಕ್ಕೆ ಕಾರಣವಿದೆ. ನಾನು ಸ್ಟಾಫ್ ನರ್ಸ್. ವಿಜಯನಗರದಲ್ಲಿ ಓನರ್ ಮನೆಯ ಮೇಲಿನ ಮಹಡಿಯಲ್ಲಿ ಐದು ಜನ ಹೆಂಗಸರು ಸೇರಿ ಇದ್ದೆವು. ಇಬ್ಬರು ಆಫೀಸಿಗೆ ಹೋಗುವವರು, ಒಬ್ಬಳು ಕೆಎಎಸ್ ಕೋಚಿಂಗ್‌ಗೆ ಬಂದವಳು, ನಾನು. ಐದನೆಯವಳಾಗಿ ಬಂದವಳ ಹೆಸರು ಇಲ್ಲಿ ಬೇಡ.

ಅವಳು ಬಂದ ಕೆಲವೇ ದಿನಕ್ಕೆ ಮನೆಯಲ್ಲಿ ಗುಸುಗುಸು ಶುರುವಾಯಿತು. ನಡುರಾತ್ರಿ ಎದ್ದು ಅಡುಗೆಮನೆಗೆ ಹೋಗುತ್ತಾಳೆ, ಲೈಟ್ ಹಾಕುವುದಿಲ್ಲ. ನಮ್ಮಲ್ಲಿ ಸಿಲಿಂಡರ್ ಅಡುಗೆಮನೆಗೆ ಅಂಟಿಕೊಂಡ ಯುಟಿಲಿಟಿಯಲ್ಲಿತ್ತು. ಕೋಚಿಂಗ್ ಹುಡುಗಿ ಒಂದು ರಾತ್ರಿ ನೀರು ಕುಡಿಯಲು ಎದ್ದವಳು ಅಲ್ಲಿ ಇವಳನ್ನು ನೋಡಿ ಕಿರುಚಿಕೊಂಡಳು. ಕತ್ತಲಲ್ಲಿ ಕುಕ್ಕರಗಾಲಲ್ಲಿ ಕೂತು, ಮುಖವನ್ನು ನೆಲದ ಹತ್ತಿರ ತಂದು ಮೂಸುತ್ತಿದ್ದಳಂತೆ. ನಾವೆಲ್ಲ ಎದ್ದು ಓಡಿ ಬಂದಾಗ ಅವಳು ಎದ್ದು ನಿಂತು, ಎರಡೂ ಕೈಯನ್ನು ನೈಟಿಗೆ ಒರೆಸಿಕೊಳ್ಳುತ್ತಾ, ಏನೂ ಹೇಳದೆ ತನ್ನ ರೂಮಿಗೆ ಹೋದಳು.

ಆಮೇಲೆ ಕಿಟಕಿಗಳ ವಿಷಯ. ಸೊಳ್ಳೆ ಅಂತ ಸಂಜೆಯೇ ಮುಚ್ಚಿದ ಕಿಟಕಿ ಬೆಳಿಗ್ಗೆ ಎದ್ದಾಗ ತೆರೆದಿರುತ್ತಿತ್ತು. ನಮ್ಮ ರೂಮಿನ ಕಿಟಕಿಯೂ! ಅಂದರೆ ನಾವು ಮಲಗಿದ್ದಾಗ ಒಳಗೆ ಬಂದು, ಮಂಚ ದಾಟಿ ಹೋಗಿ ಚಿಲಕ ತೆಗೆದಿದ್ದಾಳೆ. ಒಂದು ಸಲ ನೈಟ್ ಡ್ಯೂಟಿ ಇಲ್ಲದ ದಿನ ನನಗೇ ಎಚ್ಚರವಾಯಿತು. ಬಾಗಿಲಲ್ಲಿ ನಿಂತಿದ್ದಳು. ಅಲುಗಾಡುತ್ತಿರಲಿಲ್ಲ. ಮೊದಲು ನನ್ನ ಮಂಚ ನೋಡಿದಳು, ಆಮೇಲೆ ಪಕ್ಕದವಳದ್ದು, ಮತ್ತೆ ನನ್ನದು. ತುಟಿ ಅಲುಗುತ್ತಿತ್ತು, ಏನನ್ನೋ ಎಣಿಸುತ್ತಿದ್ದ ಹಾಗೆ. ವಾರ್ಡಿನಲ್ಲಿ ಎಂಥೆಂಥವರನ್ನೋ ನೋಡಿದ್ದೇನೆ, ಆದರೂ ಆ ಹೊತ್ತಿಗೆ ಬಾಯಿಂದ ಮಾತು ಹೊರಡಲಿಲ್ಲ.

ಇಂಥ ಹೊತ್ತಿನಲ್ಲಿ ಮನೆಯಲ್ಲಿ ಏನೇನಾಗುತ್ತದೆ ಅನ್ನುವುದನ್ನು ಹೇಳಲೇಬೇಕು, ಯಾಕೆಂದರೆ ನಿಮ್ಮ ಮನೆಯಲ್ಲೂ ಅದೇ ಆಗುತ್ತಿದೆ ಅನ್ನಿಸಿತು. ಅವಳನ್ನು ಬಿಟ್ಟು ಇನ್ನೊಂದು ವಾಟ್ಸಾಪ್ ಗ್ರೂಪ್ ಹುಟ್ಟಿಕೊಂಡಿತು. ಅವಳು ಬಚ್ಚಲಿಗೆ ಹೋಗಿದ್ದು, ಫೋನಿನಲ್ಲಿ ಪಿಸುಗುಟ್ಟಿದ್ದು, ಕಸದ ಬುಟ್ಟಿಯಲ್ಲಿ ಅರ್ಧ ನಿಂಬೆಹಣ್ಣು ಸಿಕ್ಕಿದ್ದು, ಎಲ್ಲಾ ಅಲ್ಲಿ ಬಂದು ಬೀಳುತ್ತಿತ್ತು. ನಿಂಬೆಹಣ್ಣಿನಿಂದ ಮಾತು ಮಾಟಮಂತ್ರಕ್ಕೆ ಹೋಯಿತು. ಒಬ್ಬಳು ಊರಿಗೆ ಫೋನ್ ಮಾಡಿದಳು. ಅವರಮ್ಮ, "ಏನೋ ಮೆಟ್ಟಿಕೊಂಡಿರಬೇಕು, ದಿಂಬಿನ ಕೆಳಗೆ ಕುಂಕುಮ ಇಟ್ಕೊಂಡು ಮಲಗು" ಅಂದರು. ಪಕ್ಕದವಳು ತಮ್ಮನನ್ನು ಕರೆಸಿ "ಸರಿಯಾಗಿ ಕೇಳಿಸ್ತೀನಿ" ಅಂದಳು. ಇಷ್ಟೆಲ್ಲಾ ಆದರೂ ಅವಳ ಹತ್ತಿರ ಹೋಗಿ "ಯಾಕಮ್ಮಾ ಹೀಗೆ ಮಾಡ್ತೀಯಾ" ಅಂತ ಕೇಳಿದವರು ಒಬ್ಬರೂ ಇಲ್ಲ. ಮನೆಯಲ್ಲಿ ಎಲ್ಲರಿಗಿಂತ ದೊಡ್ಡವಳು ನಾನು, ಹಾಗಾಗಿ ನಾನೇ ಕೇಳುತ್ತೇನೆ ಅಂದೆ.

ಕೇಳುವ ಹೊತ್ತು ತುಂಬಾ ಮುಖ್ಯ. ರಾತ್ರಿ, ಎಲ್ಲರೂ ಬೆಚ್ಚಿಬಿದ್ದಿರುವಾಗ ಬೇಡ. ನಾಲ್ಕು ಜನ ಸುತ್ತುವರಿದು ಕೇಳುವುದೂ ಬೇಡ. ಭಾನುವಾರ ಬೆಳಿಗ್ಗೆ ಟೆರೇಸಿನಲ್ಲಿ ಬಟ್ಟೆ ಒಣಗಿಸುತ್ತಿದ್ದಳು. ನಾನೂ ನನ್ನ ಬಕೆಟ್ ತಗೊಂಡು ಹೋದೆ. ಉಳಿದವರು ಕೆಳಗೆ, ಕೂಗಿದರೆ ಕೇಳಿಸುವಷ್ಟು ಹತ್ತಿರದಲ್ಲೇ ಇದ್ದರು. ಸುತ್ತಿ ಬಳಸದೆ ಹೇಳಿದೆ: "ನೋಡು, ರಾತ್ರಿ ನೀನು ನಮ್ಮ ರೂಮಿಗೆ ಬರ್ತೀಯಾ, ಕಿಟಕಿ ತೆಗೀತೀಯಾ, ಬಾಗಿಲಲ್ಲಿ ನಿಂತ್ಕೋತೀಯಾ. ನಮಗೆಲ್ಲ ಭಯ ಆಗ್ತಿದೆ. ಇನ್ಮೇಲೆ ಬರಬೇಡ. ಯಾಕೆ ಬರ್ತೀಯಾ ಅಂತ ಹೇಳಬೇಕು ಅನ್ನಿಸಿದ್ರೆ ಹೇಳು, ಕೇಳಿಸ್ಕೋತೀನಿ."

ಅವಳು ಕ್ಲಿಪ್ಪು ಹಾಕುವುದನ್ನು ನಿಲ್ಲಿಸಿದಳು. ಮುಖ ಕೆಂಪಾಯಿತು. "ಸಾರಿ ಅಕ್ಕ. ಉಸಿರಾಡ್ತಿದ್ದೀರಾ ಅಂತ ನೋಡ್ತಿದ್ದೆ" ಅಂದಳು.

ಗ್ಯಾಸು. ಅವಳ ತಲೆಯಲ್ಲಿ ಇದ್ದದ್ದು ಅದೊಂದೇ. ರೆಗ್ಯುಲೇಟರ್ ಆಫ್ ಮಾಡಿ ಬಂದು ಮಲಗಿದರೆ ಮತ್ತೆ ಅನುಮಾನ. ಎದ್ದು ಹೋಗಿ ನೋಡುತ್ತಾಳೆ, ಬಂದು ಮಲಗುತ್ತಾಳೆ, ಮತ್ತೆ ಅನುಮಾನ. ನೆಲದ ಹತ್ತಿರ ಮೂಸಿದ್ದು ಯಾಕೆಂದರೆ ಅಡುಗೆ ಅನಿಲ ಗಾಳಿಗಿಂತ ಭಾರ, ಸೋರಿದರೆ ಕೆಳಗೆ ಹರಡಿಕೊಳ್ಳುತ್ತದೆ. ಲೈಟ್ ಹಾಕದೆ ಓಡಾಡಿದ್ದು ಯಾಕೆಂದರೆ ಗ್ಯಾಸ್ ಸೋರಿದ ಅನುಮಾನ ಇದ್ದಾಗ ಸ್ವಿಚ್ ಮುಟ್ಟಬಾರದು, ಕಿಡಿ ಹಾರಬಹುದು. ಕಿಟಕಿ ತೆಗೆದದ್ದೂ ಅದಕ್ಕೇ. ಗ್ಯಾಸ್ ಕಂಪನಿಯವರು ಕೊಡುವ ಸುರಕ್ಷತೆಯ ಚೀಟಿಯಲ್ಲಿ ಇರುವುದೂ ಇಷ್ಟೇ: ಸ್ವಿಚ್ ಮುಟ್ಟಬೇಡಿ, ಬಾಗಿಲು ಕಿಟಕಿ ತೆಗೆಯಿರಿ, ರೆಗ್ಯುಲೇಟರ್ ಬಂದ್ ಮಾಡಿ, 1906ಕ್ಕೆ ಫೋನ್ ಮಾಡಿ. ಸೋರಿಕೆ ಇಲ್ಲದ ಮನೆಯಲ್ಲಿ, ರಾತ್ರಿಗೆ ಎಷ್ಟೋ ಸಲ, ಅವಳು ಅದನ್ನೆಲ್ಲ ಮಾಡುತ್ತಿದ್ದಳು. ಕೊನೆಗೆ ನಮ್ಮ ಹೊದಿಕೆ ಮೇಲೆ ಕೆಳಗೆ ಆಗುವುದನ್ನು ಎಣಿಸಿ, ಅಷ್ಟೂ ಜನ ಬದುಕಿದ್ದಾರೆ ಅಂತ ಖಾತ್ರಿಯಾದ ಮೇಲೆ ಹೋಗಿ ಮಲಗುವುದು.

"ಆಫ್ ಮಾಡಿದ್ದೀನಿ ಅಂತ ಗೊತ್ತಿರುತ್ತೆ ಅಕ್ಕ. ಆದ್ರೂ ಗೊತ್ತಿಲ್ಲ ಅನ್ನಿಸುತ್ತೆ" ಅಂದಳು. ಪಿಯುಸಿ ಓದುವಾಗಲೇ ಶುರುವಾಗಿತ್ತಂತೆ. ಮಾತ್ರೆ ತಗೊಳ್ಳುತ್ತಿದ್ದಳು, ಚೆನ್ನಾಗಿಯೂ ಇದ್ದಳು. ಕೆಲಸ ಬದಲಾಗಿ ಊರು ಬಿಟ್ಟ ಮೇಲೆ ಮಾತ್ರೆ ನಿಲ್ಲಿಸಿಬಿಟ್ಟಿದ್ದಾಳೆ. ಹಳೆಯ ಮನೆಯಲ್ಲಿ ಎಲ್ಲರೂ ಆಡಿಕೊಂಡರು, ಅದಕ್ಕೆ ಇಲ್ಲಿ ಯಾರ ಜೊತೆಗೂ ಮಾತಿಗೇ ಹೋಗಿರಲಿಲ್ಲ.

ಇದಕ್ಕೆ ಒಸಿಡಿ ಅಂತಾರೆ, ಕನ್ನಡದಲ್ಲಿ ಗೀಳು ಕಾಯಿಲೆ. ಒಬ್ಬರಿಗೆ ಕೈ ತೊಳೆಯುವುದು, ಇನ್ನೊಬ್ಬರಿಗೆ ಬೀಗ ಎಳೆದು ನೋಡುವುದು, ಇವಳಿಗೆ ಗ್ಯಾಸು. ಚಿಕಿತ್ಸೆ ಇದೆ, ಒಳ್ಳೆಯ ಚಿಕಿತ್ಸೆಯೇ ಇದೆ. ಮಾತ್ರೆ ಜೊತೆಗೆ ಒಂದು ಥರದ ತರಬೇತಿ ಕೊಡುತ್ತಾರೆ. ಅನುಮಾನ ಬಂದರೂ ಎದ್ದು ಹೋಗಿ ನೋಡದೆ ತಡೆದುಕೊಳ್ಳುವುದನ್ನು ಸ್ವಲ್ಪ ಸ್ವಲ್ಪವಾಗಿ ಕಲಿಸುತ್ತಾರೆ. ಗುಣ ಕಾಣಲು ವಾರಗಟ್ಟಲೆ ಬೇಕು. ನಿಮ್ಹಾನ್ಸ್‌ನಲ್ಲಿ ಇದಕ್ಕೆಂದೇ ಬೇರೆ ಕ್ಲಿನಿಕ್ ಇದೆ. ಎಲ್ಲಿಗೆ ಹೋಗಬೇಕು ಅಂತಲೇ ತಿಳಿಯದಿದ್ದರೆ ಟೆಲಿ ಮಾನಸ್ ಸಹಾಯವಾಣಿ 14416 ಇದೆ. 2022ರಲ್ಲಿ ಶುರುವಾಗಿದ್ದು, ದುಡ್ಡು ಕೊಡಬೇಕಿಲ್ಲ, ಹಗಲು ರಾತ್ರಿ ಸಿಗುತ್ತದೆ, ಕನ್ನಡದಲ್ಲೇ ಮಾತಾಡಬಹುದು.

ನಿಮ್ಮ ಮನೆಯ ಹುಡುಗಿಗೂ ಇದೇ ಕಾಯಿಲೆ ಅಂತ ನಾನು ಹೇಳುತ್ತಿಲ್ಲ. ದಯವಿಟ್ಟು ನೀವೂ ಹಾಗೆ ತೀರ್ಮಾನ ಮಾಡಬೇಡಿ. ಅವಳಿಗೆ ನಿದ್ದೆಯಲ್ಲಿ ನಡೆಯುವ ಅಭ್ಯಾಸ ಇರಬಹುದು, ವರ್ಷಗಟ್ಟಲೆ ನೈಟ್ ಶಿಫ್ಟ್ ಮಾಡಿ ನಿದ್ದೆ ಕೆಟ್ಟಿರಬಹುದು, ಮನೆಯವರಿಗೆ ಹೆದರಿ ಓಡಿಬಂದಿರಬಹುದು, ಇಲ್ಲಾ ಉದ್ದೇಶವೇ ಕೆಟ್ಟದಿರಬಹುದು. ಹೊರಗಿನಿಂದ ನೋಡಿದರೆ ಎಲ್ಲಾ ಒಂದೇ ಥರ ಕಾಣುತ್ತವೆ. ಅದಕ್ಕೇ ಕೇಳಬೇಕು ಅನ್ನುವುದು.

ನಮ್ಮಲ್ಲಿ ಕೇಳಿದ ತಕ್ಷಣ ಎಲ್ಲಾ ಸರಿಹೋಗಲಿಲ್ಲ. ಮೊದಲು ಮಾಡಿದ ಕೆಲಸ, ಬಡಗಿಯನ್ನು ಕರೆಸಿ ಎರಡೂ ರೂಮಿಗೆ ಒಳಗಿನಿಂದ ಚಿಲಕ ಹಾಕಿಸಿದ್ದು. ಅವಳ ಎದುರಿಗೇ, ಅವಳಿಗೆ ಹೇಳಿಯೇ ಹಾಕಿಸಿದೆವು. "ಒಳ್ಳೇದಾಯ್ತು ಅಕ್ಕ" ಅಂದಳು. ಕೊನೆಯಲ್ಲಿ ಅಡುಗೆ ಮಾಡಿದವರು ರೆಗ್ಯುಲೇಟರ್ ಆಫ್ ಮಾಡಬೇಕು ಅಂತ ಮನೆಗೆಲ್ಲ ಒಂದೇ ನಿಯಮ ಮಾಡಿದೆವು. ಅದು ಯಾವ ಮನೆಯಲ್ಲಾದರೂ ಇರಬೇಕಾದದ್ದೇ. ಅವಳು ಡಾಕ್ಟರ ಹತ್ತಿರ ಮತ್ತೆ ಹೋಗಲು ಶುರು ಮಾಡಿದಾಗ ಅವರು ಹೇಳಿದ್ದನ್ನು ನನಗೂ ಹೇಳಿದಳು: "ಆಫ್ ಮಾಡಿದ್ದೀರಾ" ಅಂತ ಪದೇ ಪದೇ ಕೇಳಿದರೆ ಪ್ರತಿ ಸಲವೂ ಉತ್ತರ ಕೊಡಬಾರದು. ಒಂದು ಸಲ ಹೇಳಿ ಸುಮ್ಮನಾಗಬೇಕು. ಸಮಾಧಾನ ಮಾಡಿದಷ್ಟೂ ಅನುಮಾನ ಜಾಸ್ತಿಯಾಗುತ್ತದೆ. ಕೇಳುವವಳ ಮುಖ ನೋಡಿಕೊಂಡು ಸುಮ್ಮನಿರುವುದು ಕಷ್ಟ, ಆದರೆ ಹಾಗೇ ಮಾಡಿದೆವು. ಅವಳ ಓಡಾಟ ಕಡಿಮೆಯಾಯಿತು, ಪೂರ್ತಿ ನಿಲ್ಲಲಿಲ್ಲ. ನಮ್ಮ ರೂಮಿಗೆ ಮಾತ್ರ ಮತ್ತೆ ಬರಲಿಲ್ಲ.

ಕೋಚಿಂಗ್ ಹುಡುಗಿಗೆ ಮಾತ್ರ ಆ ಯುಟಿಲಿಟಿಯ ದೃಶ್ಯ ಮನಸ್ಸಿನಿಂದ ಹೋಗಲೇ ಇಲ್ಲ. ಎಲ್ಲಾ ತಿಳಿದ ಮೇಲೂ ಅವಳಿಗೆ ಅಲ್ಲಿ ನಿದ್ದೆ ಬರುತ್ತಿರಲಿಲ್ಲ, ಪರೀಕ್ಷೆ ಬೇರೆ ಹತ್ತಿರವಿತ್ತು, ಬೇರೆ ಪಿಜಿಗೆ ಹೋದಳು. ಅದು ತಪ್ಪು ಅಂತ ನನಗೆ ಯಾವತ್ತೂ ಅನ್ನಿಸಿಲ್ಲ. ಒಬ್ಬರ ಕಷ್ಟ ಅರ್ಥವಾಯಿತು ಅಂದಮಾತ್ರಕ್ಕೆ ಅವರ ಜೊತೆಗೇ ಇರಬೇಕು ಅಂತ ಏನಿಲ್ಲ. ನಿಮಗೂ ಹಾಗೆ ಅನ್ನಿಸಿದರೆ ಮುಜುಗರ ಪಡಬೇಡಿ.

ಈಗ ಇನ್ನೊಂದು ಕಡೆ ಹೇಳುತ್ತೇನೆ. ಎಲ್ಲಾ ವಿಷಯವೂ ಟೆರೇಸಿನಲ್ಲಿ ಕೂತು ಮಾತಾಡಿ ಮುಗಿಸುವಂಥದ್ದಲ್ಲ. ನನ್ನ ಜೊತೆ ಕೆಲಸ ಮಾಡುವವರೊಬ್ಬರು ಇದ್ದ ಮನೆಗೆ ಬಂದ ಹೊಸಬಳು ರೂಮ್‌ಮೇಟ್ ಬಟ್ಟೆ ಬದಲಾಯಿಸುವಾಗ ಫೋನಿನಲ್ಲಿ ಚಿತ್ರ ತೆಗೆದು ಯಾರಿಗೋ ಕಳಿಸುತ್ತಿದ್ದಳು. ಅಂಥದ್ದೇನಾದರೂ ಕಂಡರೆ ಮಾತುಕತೆ ಬೇಡ, ನೇರ 112. ಬೆಂಗಳೂರಿನಲ್ಲಾದರೆ ಪೊಲೀಸರ ಹೊಯ್ಸಳ ಗಾಡಿ ಬರುತ್ತದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯ 77ನೇ ಕಲಂ ಪ್ರಕಾರ ಇದಕ್ಕೆ ಮೊದಲ ಸಲಕ್ಕೇ ಕನಿಷ್ಠ 1 ವರ್ಷ, ಗರಿಷ್ಠ 3 ವರ್ಷ ಜೈಲು. ಹಳೆಯ ಕಾನೂನಿನಲ್ಲಿ ಈ ಅಪರಾಧ ಗಂಡಸು ಮಾಡಿದರೆ ಮಾತ್ರ ಅಂತಿತ್ತು, ಈಗ ಯಾರು ಮಾಡಿದರೂ ಅಪರಾಧವೇ. ಅವಳ ಫೋನ್ ಕಿತ್ತುಕೊಂಡು ನೀವೇ ಚಿತ್ರಗಳನ್ನು ಅಳಿಸಲು ಹೋಗಬೇಡಿ, ಸಾಕ್ಷಿಯೇ ಹೋಗಿಬಿಡುತ್ತದೆ. ಇದು ನಮ್ಮ ವ್ಯಾಪ್ತಿಗೆ ಬರಲ್ಲ ಅಂತ ಠಾಣೆಯಲ್ಲಿ ವಾಪಸ್ ಕಳಿಸುವಂತಿಲ್ಲ. ಯಾವ ಠಾಣೆಯಲ್ಲಾದರೂ ಜೀರೋ ಎಫ್‌ಐಆರ್ ಮಾಡಿ ಸಂಬಂಧಪಟ್ಟ ಠಾಣೆಗೆ ಅವರೇ ಕಳಿಸಬೇಕು.

ಬೆದರಿಕೆ ಹಾಕಿದರೆ, ಚಾಕು ಗೀಕು ಹಿಡಿದುಕೊಂಡು ಓಡಾಡಿದರೆ, ಮಲಗಿದವರನ್ನು ಮುಟ್ಟಿದರೆ, ನಿಮ್ಮ ಆಫೀಸಿನವರೆಗೂ ಹಿಂಬಾಲಿಸಿ ಬಂದರೆ, ಗೊತ್ತಿಲ್ಲದವರನ್ನು ರಾತ್ರಿ ಮನೆಯೊಳಗೆ ಕರೆತಂದರೆ ಕೂಡ ಅಷ್ಟೇ. ಆ ರಾತ್ರಿ ಅಲ್ಲಿ ಮಲಗಬೇಡಿ. ಓನರ್ ಮನೆಗೋ ಸ್ನೇಹಿತೆಯ ಮನೆಗೋ ಹೋಗಿ, ಅಲ್ಲಿಂದ ಫೋನ್ ಮಾಡಿ. ಮಹಿಳಾ ಸಹಾಯವಾಣಿ 181 ಕೂಡ ಇದೆ.

ಸಾಯುವ ಮಾತಾಡುತ್ತಿದ್ದರೆ, ಇಲ್ಲದವರ ದನಿ ಕೇಳಿಸುತ್ತಿದೆ ಅನ್ನುತ್ತಿದ್ದರೆ ಅದೂ ತುರ್ತೇ, ಆದರೆ ಬೇರೆ ಥರದ್ದು. ಒಬ್ಬಳನ್ನೇ ಬಿಡಬೇಡಿ, ಮನೆಯವರಿಗೆ ತಿಳಿಸಿ, ಆಸ್ಪತ್ರೆಗೆ ಕರೆದುಕೊಂಡು ಹೋಗಿ. ನಿಮ್ಹಾನ್ಸ್ ಎಮರ್ಜೆನ್ಸಿ ಹಗಲು ರಾತ್ರಿ ತೆರೆದಿರುತ್ತದೆ. ಪೊಲೀಸರನ್ನು ಕರೆಯಬೇಕಾಗಿ ಬಂದರೂ, ಅವಳನ್ನು ಲಾಕಪ್ಪಿಗೆ ಹಾಕುತ್ತಾರೇನೋ ಅಂತ ಹಿಂಜರಿಯಬೇಡಿ. ಮಾನಸಿಕ ಕಾಯಿಲೆಯಿಂದ ತನಗೋ ಇತರರಿಗೋ ಅಪಾಯ ಮಾಡಿಕೊಳ್ಳಬಹುದಾದವರನ್ನು ಪೊಲೀಸರು ಲಾಕಪ್‌ನಲ್ಲಿ ಇಡುವಂತಿಲ್ಲ, 24 ಗಂಟೆಯೊಳಗೆ ಸರ್ಕಾರಿ ಆಸ್ಪತ್ರೆಗೆ ಕರೆದುಕೊಂಡು ಹೋಗಬೇಕು ಅಂತ 2017ರ ಮಾನಸಿಕ ಆರೋಗ್ಯ ಕಾಯ್ದೆಯಲ್ಲೇ ಇದೆ.

ನೀವು ಬರೆದಿದ್ದನ್ನು ನೋಡಿದರೆ ನಿಮ್ಮದು ಇನ್ನೂ ಆ ಹಂತಕ್ಕೆ ಹೋಗಿಲ್ಲ. ಹಾಗಾಗಿ ಈ ವಾರ ಮಾಡಬಹುದಾದದ್ದು ಇದು. ಇವತ್ತೇ ರೂಮಿಗೆ ಚಿಲಕ ಹಾಕಿಸಿ. ಯಾವತ್ತು, ಎಷ್ಟು ಹೊತ್ತಿಗೆ, ಏನಾಯಿತು ಅಂತ ಫೋನಿನಲ್ಲಿ ಬರೆದಿಡಿ. ಕಣ್ಣಾರೆ ಕಂಡದ್ದನ್ನು ಮಾತ್ರ ಬರೆಯಿರಿ, "ಹಾಗಿರಬೇಕು, ಹೀಗಿರಬೇಕು" ಬೇಡ. ನಿಮ್ಮಲ್ಲೂ ಅವಳನ್ನು ಬಿಟ್ಟು ಇನ್ನೊಂದು ಗ್ರೂಪ್ ಇದ್ದರೆ ಅದನ್ನು "ನಾನು ಮನೆ ತಲುಪಿದೆ", "ಇವತ್ತು ರಾತ್ರಿ ಯಾರು ಇರ್ತೀರಾ" ಅನ್ನುವುದಕ್ಕೆ ಬಳಸಿ, ಅವಳ ವಿಚಾರಣೆಗೆ ಬೇಡ. ಆಮೇಲೆ ಹಗಲು ಹೊತ್ತಿನಲ್ಲಿ ಒಬ್ಬರು ಹೋಗಿ ಮಾತಾಡಿ, ಇನ್ನೊಬ್ಬರು ಪಕ್ಕದ ರೂಮಿನಲ್ಲಿರಲಿ.

ಮಾತಾಡಲು ಹೋಗುವ ಮುಂಚೆ ಅಗ್ರಿಮೆಂಟ್ ತೆಗೆದು ನೋಡಿ. ಯಾರ ಹೆಸರಲ್ಲಿದೆ? ಸಾಮಾನ್ಯವಾಗಿ 11 ತಿಂಗಳ ಅಗ್ರಿಮೆಂಟ್ ಒಬ್ಬರ ಹೆಸರಲ್ಲಿ ಇರುತ್ತದೆ, ಉಳಿದವರು ಬಂದು ಸೇರಿಕೊಂಡಿರುತ್ತಾರೆ. ಹೊಸಬಳು ಬಂದಿರುವುದು ಓನರ್‌ಗೆ ಗೊತ್ತಾ? ಅವಳ ಆಧಾರ್ ಪ್ರತಿ, ಆಫೀಸಿನ ವಿವರ, ಊರಿನವರ ಒಂದು ನಂಬರ್ ಯಾರ ಹತ್ತಿರವಾದರೂ ಇದೆಯಾ? ಇಲ್ಲದಿದ್ದರೆ ಈಗಲೇ ತಗೊಳ್ಳಿ. ಅವಳೊಬ್ಬಳದೇ ಕೇಳಬೇಡಿ, ನಾಲ್ವರದೂ ಒಂದು ಹಾಳೆಯಲ್ಲಿ ಬರೆದು ಓನರ್‌ಗೂ ಒಂದು ಪ್ರತಿ ಕೊಡಿ. ಅವಳು ಹಿಂದೆ ಇದ್ದ ಮನೆಯವರಿಗೆ ಒಂದು ಫೋನ್ ಮಾಡುವುದು ಕೂಡ ಒಳ್ಳೆಯದು, ಅವಳಿಗೆ ಹೇಳಿಯೇ ಮಾಡಿ.

ಪಿಜಿಗಳಿಗೆ ಇದಕ್ಕೆಲ್ಲ ನಿಯಮ ಇದೆ. 2024ರ ಜುಲೈನಲ್ಲಿ ಕೋರಮಂಗಲದ ಪಿಜಿಯೊಂದರಲ್ಲಿ ಯುವತಿಯ ಕೊಲೆಯಾದ ಮೇಲೆ ಆಗಿನ ಬಿಬಿಎಂಪಿ ಆಗಸ್ಟ್‌ನಲ್ಲಿ ಮಾರ್ಗಸೂಚಿ ತಂದಿತು. ಸಿಸಿ ಕ್ಯಾಮೆರಾ ಇರಬೇಕು, 90 ದಿನದ ದೃಶ್ಯ ಇಟ್ಟಿರಬೇಕು, ಸೆಕ್ಯುರಿಟಿಯವರು ದಿನದ 24 ಗಂಟೆಯೂ ಇರಬೇಕು ಅಂತೆಲ್ಲ ಇದೆ. ನಿಮ್ಮ ಥರ ನಾಲ್ಕು ಜನ ಸೇರಿ ತಗೊಂಡ ಮನೆಗೆ ಇದು ಯಾವುದೂ ಇಲ್ಲ, ನೀವೇ ಮಾಡಿಕೊಳ್ಳಬೇಕು. ಮನೆ ಹೊರಗಿನ ಬಾಗಿಲಿಗೆ ಕ್ಯಾಮೆರಾ ಹಾಕುವುದಾದರೆ ಹಾಕಿ. ಹಾಲ್‌ನಲ್ಲಿ ಗುಟ್ಟಾಗಿ ಹಾಕಬೇಡಿ, ಅವಳೂ ಆ ಮನೆಯಲ್ಲಿ ಬದುಕುತ್ತಿದ್ದಾಳೆ.

ಇಷ್ಟೆಲ್ಲಾ ಹೇಳಿದ ಮೇಲೂ ಅವಳು ನಿಮ್ಮ ರೂಮಿಗೆ ಬರುವುದನ್ನು ನಿಲ್ಲಿಸದಿದ್ದರೆ, ಕಾರಣ ಏನೇ ಇರಲಿ, ಬೇರೆ ಮನೆ ನೋಡಿಕೊಳ್ಳಲು ಹೇಳಿ. ಕಾಯಿಲೆ ಇದೆ ಅಂತಾದರೂ ನೀವು ಸಹಿಸಿಕೊಂಡೇ ಇರಬೇಕಿಲ್ಲ. ಓನರ್ ಎದುರಿಗೆ ಹೇಳಿ, ಮೆಸೇಜ್‌ನಲ್ಲೂ ಬರೆದು ಕಳಿಸಿ, ಯಾವ ತಾರೀಖಿನ ಒಳಗೆ ಅಂತ ಸ್ಪಷ್ಟವಾಗಿ ಹಾಕಿ. ಲಗೇಜ್ ಹೊರಗಿಡುವುದು, ಬೀಗ ಬದಲಾಯಿಸುವುದು ಬೇಡವೇ ಬೇಡ. ಆಮೇಲೆ ದೂರು ಕೊಡುವವಳು ಅವಳಾಗುತ್ತಾಳೆ, ಉತ್ತರ ಕೊಡಬೇಕಾದವರು ನೀವು.

ಅಡ್ವಾನ್ಸ್ ವಿಷಯ ಮೊದಲೇ ಮಾತಾಡಿಬಿಡಿ. ಬೆಂಗಳೂರಿನಲ್ಲಿ ಎಷ್ಟೋ ಜನ ಹೊಂದಿಕೆಯಾಗದ ಮನೆಯಲ್ಲೂ ತಿಂಗಳುಗಟ್ಟಲೆ ಉಳಿಯುವುದು ಅಡ್ವಾನ್ಸ್ ಸಿಕ್ಕಿಹಾಕಿಕೊಂಡಿರುತ್ತದೆ ಅಂತಲೇ. ಅವಳು ಹೋಗುವ ದಿನವೇ ಪೂರ್ತಿ ದುಡ್ಡು ಕೈಗೆ ಕೊಡುತ್ತೇವೆ ಅಂತ ಹೇಳಿ. ಓನರ್ ತಕ್ಷಣ ಕೊಡದಿದ್ದರೆ ಮೂವರೂ ಸೇರಿ ಹಾಕಿ ಕೊಡಿ, ಮುಂದೆ ಬರುವವರಿಂದ ತುಂಬಿಕೊಳ್ಳಬಹುದು. ಅವಳ ಕಡೆಯವರು ಯಾರಾದರೂ ಬಂದು ಕರೆದುಕೊಂಡು ಹೋಗುವ ಹಾಗಿದ್ದರೆ ಆ ದಿನಕ್ಕೇ ಇಟ್ಟುಕೊಳ್ಳಿ. ಮಾತಾಡಿದ ಮೇಲೆ ಏನಾಯಿತು ಅಂತ ಇಲ್ಲೇ ಕೆಳಗೆ ಬರೆಯಿರಿ, ನೈಟ್ ಡ್ಯೂಟಿ ಮುಗಿಸಿ ಬಂದು ನೋಡುತ್ತೇನೆ.